ಬೆರಳಿನ ಮೊದಲ ಗೆಣ್ಣು

ಭಾನುವಾರ ಬಂತೆಂದರೆ ಲಿಮಸೋಲಿನ ಕಡಲದಂಡೆಯಲ್ಲಿ
ಫ್ರಿಜ್ಜಿನ ರಟ್ಟಿನ ಪೆಟ್ಟಿಗೆ ಬಿಚ್ಚಿ ಹಾಸುತ್ತೇವೆ, ನಾವು ಏಳು ಜನ.
ಚಪ್ಪಲಿ ರಟ್ಟಿನಾಚೆ. ಸಂಜೆ ಆರರ ತನಕ ಅದು ನಮ್ಮ ಮನೆ.
ಯಾರೋ ತಂದ ಅನ್ನ, ವಿನೆಗರಿನಲ್ಲಿ ಬೆಂದ ಕೋಳಿ,
ಒಂದೇ ಚಾರ್ಜರಿಗೆ ಮೂರು ಫೋನು.

ಇವತ್ತು ಲುಜ್ವಿಮಿಂದಾಳ ವಿಚಾರಣೆ.
ಅವಳ ಹೆಸರಿನೊಳಗೆ ನಮ್ಮ ದ್ವೀಪಗಳೆಲ್ಲ ಇವೆ:
ಲುಝಾನ್, ವಿಸಾಯಸ್, ಮಿಂಡನಾವೊ,
ಒಂದೊಂದರಿಂದ ಒಂದು ತುಂಡು ಹರಿದು ಅಪ್ಪ ಹೊಲಿದ ಹೆಸರು.
ಅವಳು ಮಾತ್ರ ಹದಿನಾಲ್ಕು ವರ್ಷದಿಂದ ಇಲ್ಲಿ,
ದೆಸ್ಪಿನಾ ಮುದುಕಿಯ ಪಕ್ಕ, ಮಡಚುವ ಮಂಚದಲ್ಲಿ.
ರಾತ್ರಿ ಹನ್ನೊಂದಕ್ಕೆ, ಮುದುಕಿಯ ಗೊರಕೆ ಹದಕ್ಕೆ ಬಂದ ಮೇಲೆ,
ದುಪ್ಪಟಿಯೊಳಗೆ ಒಂದು ಬೆಳಕು ಹತ್ತುತ್ತದೆ.

ಆ ಬೆಳಕಿನ ಹೆಸರು ಹಾಲ್ವರ್.
ನಾರ್ವೆಯವನಂತೆ. ದೋಣಿಯಲ್ಲಿ ಕಾರು ದಾಟಿಸುವ ಕೆಲಸವಂತೆ.
ಹೆಂಡತಿ ತೀರಿಕೊಂಡಳಂತೆ.
"ಎಷ್ಟೊಂದು ಅಂತೆ!" ಎಂದಳು ಮಾರಿವಿಕ್,
ಮೂಳೆ ಚೀಪುತ್ತ.

ಮಾರಿವಿಕ್ ನಮ್ಮ ನ್ಯಾಯಾಧೀಶೆ.
ಎರಡು ವರ್ಷದ ಹಿಂದೆ ಅವಳಿಗೊಬ್ಬ ಕ್ಯಾಪ್ಟನ್ ಇದ್ದ,
ಬಿಳಿ ಸಮವಸ್ತ್ರ, ಗಲ್ಲದಲ್ಲಿ ಗುಳಿ.
ಬಂದರಿನ ಸುಂಕದಲ್ಲಿ ಸಿಕ್ಕಿಬಿದ್ದ ಉಂಗುರ ಬಿಡಿಸಲು
ಎಂಟು ತಿಂಗಳ ಸಂಬಳ ಕಳಿಸಿದಳು.
ಮುಖ ಬೇರೆ ಯಾರದೋ. ಗುಳಿಯೂ.
ಅಂದಿನಿಂದ ಯಾರ ಗಂಡಸಾದರೂ ಮೊದಲು ಇವಳೆದುರು ನಿಲ್ಲಬೇಕು:
ಎಡಗೈಯಲ್ಲಿ ಚಮಚ ಹಿಡಿದು ಫೋಟೋ ಕಳಿಸು,
ಕಿಟಕಿಯಾಚೆ ಏನಿದೆ ತೋರಿಸು,
ಅಡುಗೆಮನೆಯ ಸಿಂಕು ತೋರಿಸು, ತೊಳೆಯದ ಪಾತ್ರೆ ಇದೆಯಾ ನೋಡೋಣ.
ಸುಳ್ಳುಗಾರರ ಸಿಂಕು ಯಾವಾಗಲೂ ಖಾಲಿ, ಅನ್ನುತ್ತಾಳೆ.
ಈವರೆಗೆ ಪಾಸಾದವನು ಒಬ್ಬನೇ,
ಕನ್ಸುಯೆಲೋಳ ಬಲ್ಗೇರಿಯದ ಪ್ಲಂಬರು.
ಸಿಂಕಿನ ಪ್ರಶ್ನೆ ಅವನಿಗೆ ಸುಲಭವಿತ್ತು.

ಲುಜ್ವಿ ವಾದ ಮಾಡಲಿಲ್ಲ. ಫೋನು ನಮ್ಮ ಕಡೆ ತಿರುಗಿಸಿದಳು.
ಅವನಿಗೆ ಅನ್ನ ಮಾಡಲು ಹೇಳಿಕೊಟ್ಟಿದ್ದಳು:
ಅಳತೆಯ ಲೋಟ ಬೇಡ, ಅಕ್ಕಿಯ ಮೇಲೆ ಬೆರಳೂರು,
ಮೊದಲ ಗೆಣ್ಣಿನ ತನಕ ನೀರು.
ಫೋಟೋದಲ್ಲಿ ಒಂದು ತಪ್ಪಲೆ, ಕಲಗಚ್ಚಿನ ಬಣ್ಣದ ನೀರು,
ಒಂದು ದಪ್ಪ ಬೆರಳು,
ಬೆರಳಿಗೆ ಬ್ಯಾಂಡೇಜು, ಅಂಚು ಕೊಳೆಯಾಗಿ ಎದ್ದದ್ದು.
ನೀರು ಎರಡನೆಯ ಗೆಣ್ಣು ದಾಟಿತ್ತು.

ಏಳು ತಲೆ ಒಂದು ಪರದೆಗೆ ಬಾಗಿದವು.
"ಗಂಜಿಯಾಗತ್ತೆ ಇದು," ಅಂದಳು ನೆನಿತಾ.
"ಆಯ್ತು," ಅಂದಳು ಲುಜ್ವಿ. "ತಿಂದನಂತೆ. ಪೂರ್ತಿ."
ಮಾರಿವಿಕ್ ಆ ಬ್ಯಾಂಡೇಜನ್ನು ಎರಡು ಬೆರಳಲ್ಲಿ
ಹಿಗ್ಗಿಸಿ ಹಿಗ್ಗಿಸಿ ನೋಡಿದಳು,
ಒತ್ತೆಯ ಒಡವೆ ನೋಡುವವರ ಹಾಗೆ.
"ಮೋಸಗಾರ ಗಂಜಿ ತಿನ್ನಲ್ಲ. ಮುಂದುವರಿ.
ದುಡ್ಡು ಕೇಳಿದ ದಿನ ನನ್ನ ಹತ್ತಿರ ಬಾ."

ಆರಕ್ಕೆ ಮನೆ ಮಡಚಿ ಕಸದ ತೊಟ್ಟಿಯ ಹಿಂದೆ ಇಟ್ಟೆವು.
ಬಸ್ಸಿನಲ್ಲಿ ಮಾರಿವಿಕ್ ನನ್ನ ಪಕ್ಕ.
ಕಿಟಕಿಯ ಗಾಜಿನಲ್ಲಿ ಅವಳ ಫೋನು; ನಾನು ನೋಡಬಾರದಿತ್ತು.
ಕ್ಯಾಪ್ಟನ್. ಅಳಿಸಿಲ್ಲ.
ಒಂದು ರಾತ್ರಿಯ ಕೆಳಗೆ ಇನ್ನೊಂದು ರಾತ್ರಿ, ಅವಳದೇ ಸಾಲು:
ಊಟ ಆಯ್ತಾ?
ಊಟ ಆಯ್ತಾ?
ಪಕ್ಕದಲ್ಲಿ ಒಂದು ಬೂದು ಟಿಕ್ಕು. ಎಂದೂ ಎರಡಾಗದ್ದು.

ನಾನು ಕಂಡದ್ದು ಅವಳೂ ಕಂಡಳು.
"ಯಾವನೋ," ಅಂದಳು, "ಯಾವ ಊರಿನ ಯಾವ ಕೋಣೆಯಲ್ಲಿ ಕೂತಿದ್ದನೋ.
ಮುಖ ಸುಳ್ಳು, ಹಡಗು ಸುಳ್ಳು.
ಆದರೆ ಇನ್ನೂರ ಹನ್ನೊಂದು ರಾತ್ರಿ ಕೇಳಿದ, ಎಡಿತಾ, ಊಟ ಆಯ್ತಾ ಅಂತ.
ನಮ್ಮ ಯಜಮಾನಿ ಒಂದು ದಿನ ಕೇಳಿದ್ದಿಲ್ಲ.
ಊರಲ್ಲಿರೋ ಗಂಡ..." ಅಲ್ಲಿಗೆ ಬಿಟ್ಟಳು.

ಅವಳ ಸ್ಟಾಪು ಬಂತು. ಇಳಿದಳು.
ಉಳಿದ ಅನ್ನದ ಡಬ್ಬಿ ಸೀಟಿನ ಮೇಲೆಯೇ ಇತ್ತು,
ಮರೆತದ್ದೋ, ನನಗೆಂದು ಬಿಟ್ಟದ್ದೋ.
ತೊಡೆಯ ಮೇಲಿಟ್ಟುಕೊಂಡು ನನ್ನ ಫೋನು ತೆಗೆದೆ.
ಶೇಕಡಾ ನಾಲ್ಕು ಉಳಿದಿತ್ತು.
ಅಷ್ಟರಲ್ಲಿ ಯಾರನ್ನು ಕೇಳಲಿ ಅಂತ
ಎರಡು ಸ್ಟಾಪು ಯೋಚಿಸಿದೆ.