ಮೂವತ್ತು ಸೆಕೆಂಡು

ಮಾತೆಲ್ಲ ಮುಗಿದ ಮೇಲೆ ಊನಾ ಕೈಯೆತ್ತುತ್ತಿದ್ದಳು:
"ಯಾರೂ ಅಲುಗಬೇಡಿ, ಮೂವತ್ತು ಸೆಕೆಂಡು."
ಕೋಣೆಯ ಬರೀ ಸದ್ದು ಬೇಕು,
ಕತ್ತರಿಸಿದ ಕಡೆ ತೇಪೆ ಹಾಕಲು.
ಮೈಕು ಹಿಡಿದವನು ನಾನು.

ಅಬರ್ಡೀನಿನ ಅಡುಗೆಮನೆ: ಫ್ರಿಜ್ಜಿನ ಗೊರಗೊರ,
ಸಮುದ್ರಕ್ಕೆ ಹೋದವನ ಮಗ್ಗು ಇನ್ನೂ ಮೊಳೆಯಲ್ಲಿ.
ಲೆರ್ವಿಕ್ಕಿನಲ್ಲಿ ಗಾಳಿ,
ಕಿಟಕಿಸಂದಿಗೆ ಹಳೇ ಪೇಪರು ಗಿಡಿದರೂ ನಿಲ್ಲದ್ದು.
ಗೋವನ್ನಿನ ಬೆಸುಗೆಗಾರ ಗಿಲ್ಲೀಸ್
ಇಪ್ಪತ್ತೆರಡನೇ ಸೆಕೆಂಡಿಗೆ ಅತ್ತ.
ಕ್ಯಾಮೆರಾ ಆಗಲೇ ಪೆಟ್ಟಿಗೆಯಲ್ಲಿತ್ತು.
ಊನಾ ತೆಗೆಸಲಿಲ್ಲ.
ವ್ಯಾನಿನಲ್ಲಿ ನಾನು ರೇಗಿದೆ. ಅವಳು ಚಿಪ್ಸ್ ತಿನ್ನುತ್ತ
"ಅದು ನಮಗೆ ಕೊಟ್ಟಿದ್ದಲ್ಲ" ಅಂದಳು.

ಮೂವತ್ತೊಂದು ವರ್ಷ. ಪ್ರಶಸ್ತಿ ಎರಡೇ;
ಒಂದರಲ್ಲಿ ಹೆಸರು ತಪ್ಪು.
ಚಾನೆಲ್ಲಿಗೆ ಬಂದ ಹೊಸಬರು
ಮೊದಲ ನಿಮಿಷದಲ್ಲೇ ಯಾರಾದರೂ ಅಳಬೇಕು ಎಂದರು.
ಊನಾ ಪೆನ್ನಿಗೆ ಮುಚ್ಚಳ ಹಾಕಿದಳು.

ಬೀಳ್ಕೊಡುಗೆಯ ಸಂಜೆ, ಗುಟ್ಟಾಗಿ
ಆ ಸದ್ದುಗಳನ್ನೆಲ್ಲ ಒಂದೇ ಉದ್ದಕ್ಕೆ ಹೊಲಿದು ತಂದಿದ್ದೆ,
ನಲವತ್ತೇಳು ನಿಮಿಷ.
ಹಚ್ಚಿದೆ. ಸ್ಪೀಕರು ಕೆಟ್ಟಿದೆ ಅಂದುಕೊಂಡು
ಜನ ಹರಟೆಗೆ ಹೊರಳಿದರು.
ಅವಳೊಬ್ಬಳು, ಕೇಕಿನ ತಟ್ಟೆ ಹಿಡಿದು ನಿಂತಲ್ಲೇ,
"ಲೆರ್ವಿಕ್" ಅಂದಳು.
ತುಸು ಹೊತ್ತಿಗೆ, "ಇದು ಗಿಲ್ಲೀಸ್."
ಇಪ್ಪತ್ತೆರಡಕ್ಕೆ ಮೊದಲೇ
ಕೈ ಚಾಚಿ ಆರಿಸಿದಳು.