ಮೂಲೆಯಲ್ಲೊಂದು ಕೊಂಬು

ದಕ್ಷಿಣ ಆಸ್ಟ್ರೇಲಿಯಾದ ವಯಾಲಾ. ಶುಕ್ರವಾರ, ಊಟದ ಮೇಲೆ.
ಮಿಸೆಸ್ ಪ್ಯಾಸ್ಕೋ ಕಿಟಕಿಗಳಿಗೆ ಕಂದು ಕಂಬಳಿ ಕಟ್ಟಿದರು.
ಹೊರಗೆ ಉಕ್ಕಿನ ಕಾರ್ಖಾನೆಯ ಕೆಂಧೂಳು,
ಒಳಗೆ ಇಪ್ಪತ್ತೆಂಟು ಮಕ್ಕಳು, ಕಿತ್ತಳೆ ಸಿಪ್ಪೆಯ ವಾಸನೆ,
ಮತ್ತೆ ನಾನು.
ಬಂದು ಹತ್ತೊಂಬತ್ತು ದಿನ. ಬಾಯಲ್ಲಿ ಮೂರೇ ಇಂಗ್ಲಿಷ್ ಮಾತು:
ಯೆಸ್, ನೋ, ಟಾಯ್ಲೆಟ್.

ಟರಟರ ಸುತ್ತಿತು ಪ್ರೊಜೆಕ್ಟರು.
ಎಂಟು ನಿಮಿಷದ ಚಿತ್ರ, ಒಬ್ಬರೂ ಮಾತಾಡುವುದಿಲ್ಲ.
ಒಂದು ಗುಂಡಿ. ಅಂಗಿಯದು. ನಾಲ್ಕು ತೂತು.
ಮೇಜಿನಿಂದ ಬಿದ್ದು, ಉರುಳಿ, ನೆಲದ ಹಲಗೆಗಳ ದಾಟಿ,
ಬಾಗಿಲ ಸಂದಿಯಲ್ಲಿ ತುಸು ಯೋಚಿಸಿ,
ಬೆಕ್ಕಿನ ಹಾಲಿನ ತಟ್ಟೆಯ ಪಕ್ಕ
ಗಿರಗಿರ ತಿರುಗಿ ಮಲಗಿಬಿಡುತ್ತದೆ.
ಅಷ್ಟೇ ಕತೆ.

ಗೋಡೆಯಷ್ಟು ದೊಡ್ಡ ಗುಂಡಿ!
ಅಂಚಿನಲ್ಲೊಂದು ಮುಕ್ಕು, ಆ ಮುಕ್ಕಿನಲ್ಲಿ ಚೂರು ಬೆಳಕು.
ನನ್ನ ಅಂಗಿ ಮುಟ್ಟಿ ನೋಡಿಕೊಂಡೆ. ಇದ್ದವು, ಐದೂ.
ಪಕ್ಕದ ಯದ್ರಾಂಕಾ ಕೂಡ ಮುಟ್ಟಿ ನೋಡಿಕೊಂಡಳು.
ಅವಳಿಗೂ ಐದೇ.

ಆದರೆ ನನಗೆ ಹಿಡಿಸಿದ್ದು ಗುಂಡಿಯಲ್ಲ.
ಪರದೆಯ ಬಲಮೂಲೆಯಲ್ಲಿ, ಕೆಳಗೆ,
ಒಂದು ಕೂದಲಿತ್ತು.
'ಕು' ಅಕ್ಷರದಿಂದ ಕೊಂಬು ಕಳಚಿ ಬಿದ್ದ ಹಾಗೆ, ಕಪ್ಪಗೆ,
ಥರಥರ ಥರಥರ.
ಗುಂಡಿ ನಿಂತರೂ ಅದು ನಿಲ್ಲದು,
ಬೆಕ್ಕು ಬಂದರೂ ಹೆದರದು.
ನೆಲದ ಮೇಲೂ ಅಲ್ಲ, ಗಾಳಿಯಲ್ಲೂ ಅಲ್ಲ,
ಎಲ್ಲಿಯದೋ, ಕರೆಯದೆ ಬಂದದ್ದು,
ಬಂದು ಮೂಲೆ ಹಿಡಿದು ಕುಣಿಯುತ್ತಿದ್ದದ್ದು.

ಮಿಸೆಸ್ ಪ್ಯಾಸ್ಕೋ ಯಂತ್ರ ನಿಲ್ಲಿಸಿದರು,
ಏನನ್ನೋ ತೆರೆದು ಉಫ್ ಎಂದು ಊದಿದರು.
ಮತ್ತೆ ಬೆಳಕು ಬಿದ್ದಾಗ
ಮೂಲೆ ತೊಳೆದಿಟ್ಟ ತಟ್ಟೆ.

ಅತ್ತೆ ನಾನು. ಬಿಕ್ಕಿ ಬಿಕ್ಕಿ.
"ಟಾಯ್ಲೆಟ್?" ಅಂದರು.
"ನೋ" ಅಂದೆ.
ಮನೆ ನೆನಪಾಯಿತೇ ಎಂದು ಕೇಳಿರಬೇಕು ಆಮೇಲೆ, ಬೆನ್ನು ಸವರುತ್ತ.
"ಯೆಸ್" ಅಂದೆ.
ಮಿಕ್ಕಿದ್ದು ಅದೊಂದೇ ಮಾತು.

ಸಂಜೆ ಅಮ್ಮ ತಲೆ ಬಾಚಿದ ಮೇಲೆ
ಬಾಚಣಿಗೆಯಿಂದ ಒಂದೆಳೆ ಬಿಡಿಸಿಕೊಂಡೆ.
ಉಗುಳು ಹಚ್ಚಿ ಅಪ್ಪನ ಟಾರ್ಚಿನ ಗಾಜಿಗೆ ಅಂಟಿಸಿ,
ಬಚ್ಚಲ ಬಾಗಿಲು ಹಾಕಿ, ಗೋಡೆಗೆ ಹಿಡಿದೆ.
ಬಿತ್ತೋ ಇಲ್ಲವೋ ಎನ್ನುವ ಮಬ್ಬು ಗೆರೆ.
ಕೈ ನಡುಗಿಸಿ ನೋಡಿದೆ.
ಇಲ್ಲ. ಅದಲ್ಲ ಇದು.
ಇದು ಬರೀ ನನ್ನ ಕೂದಲು.

ಟಾರ್ಚು ಆರಿಸಬೇಕು. ಅಷ್ಟರಲ್ಲಿ
ನಲ್ಲಿಯ ಮೂತಿಯಲ್ಲಿ ಹನಿಯೊಂದು ದಪ್ಪಗಾಗಿ
ಬೀಳಲೋ ಬೇಡವೋ ಎಂದು ನಿಂತಿತು,
ಹೊಟ್ಟೆಯೊಳಗೆ ಇಡೀ ಬಚ್ಚಲನ್ನು ತಲೆಕೆಳಗಾಗಿ ಇಟ್ಟುಕೊಂಡು,
ನನ್ನನ್ನೂ.

"ಸೆಲ್ಲು ಮುಗಿದುಹೋಗುತ್ತೆ ಕಣೇ," ಹೊರಗಿನಿಂದ ಅಪ್ಪ.

ಹನಿ ಇನ್ನೂ ಹೊರಟಿರಲಿಲ್ಲ.