ಮಗ್ಗದ ಮಾತು

ಬರ್ನ್‌ಲಿ ಎಂದರೆ ಕಿವಿಗೆ ಹತ್ತಿ ತುರುಕಿಕೊಂಡ ಊರು.
ಎಂಟುನೂರು ಮಗ್ಗ ಒಟ್ಟಿಗೆ ಬಡಿದುಕೊಳ್ಳುವ ಶೆಡ್ಡಿನಲ್ಲಿ
ಕೂಗಿದರೂ ಅಷ್ಟೇ, ಕಿರುಚಿದರೂ ಅಷ್ಟೇ.
ತುಟಿ ಅಗಲಿಸಿ, ಹುಬ್ಬು ಏರಿಸಿ,
ಒಂದೊಂದು ಅಕ್ಷರವನ್ನೂ ಬಾಯಲ್ಲೇ ಕೊರೆದು
ಲಾಳಿಯ ಹಾಗೆ ಎಸೆಯಬೇಕು;
ಆಚೆ ಸಾಲಿನವಳು ಕಣ್ಣಲ್ಲಿ ಹಿಡಿಯಬೇಕು.
ಯಾರ ಗಂಡ ಕುಡಿದ, ಯಾರಿಗೆ ತಿಂಗಳು ತಪ್ಪಿತು,
ಮೇಸ್ತ್ರಿಯ ಪ್ಯಾಂಟು ಎಲ್ಲಿ ಹರಿದಿದೆ,
ಎಲ್ಲ ನಡೆಯುತ್ತಿತ್ತು ಅವನ ಮೂಗಿನ ಕೆಳಗೇ.

ಅಕ್ಕ ಹೆಟ್ಟಿ ಅಲ್ಲಿಂದ ಹೋದಳು ಹತ್ತೊಂಬತ್ತಕ್ಕೆ,
ಹೇರ್‌ಪಿನ್ನಿನ ಡಬ್ಬಿಯಲ್ಲಿ ರೈಲಿನ ಕಾಸು ಕೂಡಿಸಿ.
ಅಪ್ಪ ಒಂದು ವರ್ಷ ಅವಳ ಹೆಸರೆತ್ತಲಿಲ್ಲ;
ಆಮೇಲೆ ಎತ್ತಿದ, ಉಪ್ಪು ಕೇಳುವ ದನಿಯಲ್ಲಿ.

ನಾಯಕಿಯಾಗುವ ಮುಖವಲ್ಲ ಅದು.
‘ಬ್ರೆಡ್ಡಿನಂಥ ಮುಖ’ ಎಂದನಂತೆ ಮೊದಲ ನಿರ್ದೇಶಕ,
‘ಎಲ್ಲರ ಮನೆಯಲ್ಲೂ ಇರುತ್ತೆ, ಯಾರೂ ನೋಡಲ್ಲ.’
ಮೂವತ್ತೊಂದು ವರ್ಷ ದುಡಿಯಿತು ಆ ಮುಖ.
ಅಡುಗೆಯವಳು. ಬಾಡಿಗೆಮನೆಯ ಒಡತಿ. ಇನ್ನೊಬ್ಬ ಅಡುಗೆಯವಳು.
ಬಾಂಬು ಬೀಳುವ ರಾತ್ರಿ ಟೀ ಹಂಚುವವಳು.
ಹೆಣ ಕಂಡು ಟ್ರೇ ಬೀಳಿಸುವವಳು.
ಟ್ರೇ ಬೀಳಿಸುವುದರಲ್ಲಿ ಅವಳದೇ ಒಂದು ಕೈಗುಣ:
ಕಪ್ಪು ಮೊದಲು, ಸಾಸರು ಆಮೇಲೆ,
ಚಮಚ ಮಾತ್ರ ಒಂದು ಸುತ್ತು ತಿರುಗಿ ಮಲಗಬೇಕು.
ದಿನಕ್ಕೆ ಮೂರು ಗಿನಿ. ಬೂಟು ನಿನ್ನದೇ ತಾ.
ಹೆಸರು ಪಟ್ಟಿಯ ಬುಡದಲ್ಲಿ, ಒಮ್ಮೆ ‘ಬೆಟ್ಟಿ’ ಎಂದು;
ಅಷ್ಟರಲ್ಲಿ ಜನ, ರಾಷ್ಟ್ರಗೀತೆಗೆ ಸಿಕ್ಕಿಬೀಳಬಾರದೆಂದು,
ಕೋಟು ತೊಟ್ಟು ಬಾಗಿಲು ದಾಟಿರುತ್ತಿದ್ದರು.

ಆದರೆ ಕೇಳಿ.
ನಾಯಕ ನಾಯಕಿ ಮುಂದೆ ಪಿಸುಗುಟ್ಟುವಾಗ
ಹಿಂದೆ ನಿಂತವರಿಗೆ ಹೇಳುತ್ತಾರಂತೆ:
ಮಾತಾಡಿದ ಹಾಗೆ ಮಾಡಿ, ಸದ್ದು ಮಾತ್ರ ಬೇಡ.
ಸದ್ದಿಲ್ಲದೆ ಮಾತಾಡಲು! ನಮ್ಮ ಹೆಟ್ಟಿಗೆ!

ಊರಿನ ಟಾಕೀಸಿನಲ್ಲಿ ನಾವು ಹನ್ನೊಂದು ಜನ,
ಒಂದೇ ಶೆಡ್ಡಿನವರು, ಒಂದೇ ಸಾಲು.
ಪರದೆಯ ಮೇಲೆ ಡ್ಯೂಕ್ ಸಾಯುತ್ತಿದ್ದಾನೆ, ಪಿಟೀಲು ಅಳುತ್ತಿದೆ,
ಮಂಚದ ಹಿಂದೆ ಹೆಟ್ಟಿ, ಕೈಯಲ್ಲಿ ಮೇಣದ ಬತ್ತಿ,
ತುಟಿ ಅಗಲಿಸಿ ನಮಗೆ ಹೇಳುತ್ತಿದ್ದಾಳೆ:
‘ಆಡಾ, ಇವನ ಮೀಸೆ ಗೋಂದಿನದು ಕಣೇ.
ಬೆಳಿಗ್ಗೆಯಿಂದ ಎರಡು ಸಲ ಸೂಪಿಗೆ ಬಿತ್ತು.’
ಹನ್ನೊಂದು ಜನವೂ ಬಿದ್ದು ಬಿದ್ದು ನಕ್ಕೆವು.
ಮ್ಯಾನೇಜರ್ ಟಾರ್ಚು ಹಿಡಿದು ಬಂದ.
ಲಂಡನ್ನಿನಲ್ಲಿ, ಅದೇ ಜಾಗದಲ್ಲಿ, ಜನ ಅತ್ತರಂತೆ.

ಹೀಗೆ ಬರುತ್ತಿದ್ದವು ಅವಳ ಕಾಗದಗಳು, ವರ್ಷಕ್ಕೆ ಮೂರು ನಾಲ್ಕು.
ರೈಲ್ವೆ ಕ್ಯಾಂಟೀನಿನ ಗುಂಪಿನಿಂದ: ‘ಬಾಡಿಗೆ ಏರಿಸಿದರು.’
ಕೋರ್ಟಿನ ಗ್ಯಾಲರಿಯಿಂದ: ‘ಅವನು ಬರಲಿಲ್ಲ. ಕೇಳಬೇಡ.’
ಅವನು ಯಾರೆಂದು ನಾನು ಕೇಳಲಿಲ್ಲ.
ಅಷ್ಟು ಹೊತ್ತಿಗೆ ಮಗ್ಗ ನನ್ನ ಕಿವಿಯನ್ನು ಪೂರ್ತಿ ತಿಂದಿತ್ತು;
ಇಡೀ ಸಿನಿಮಾದಲ್ಲಿ ನನಗೆ ಕೇಳಿಸುತ್ತಿದ್ದುದು
ಅವಳೊಬ್ಬಳೇ.

ಫೆಬ್ರವರಿಯಲ್ಲಿ ಮಣ್ಣು ಮಾಡಿದೆವು. ನಾಲ್ಕು ಜನ, ಒಂದು ಛತ್ರಿ.
ಜೂನಿನಲ್ಲಿ ಅವಳ ಕೊನೆಯ ಚಿತ್ರ ಊರಿಗೆ ಬಂತು.
ಮದುವೆಯ ದೃಶ್ಯ. ಮೂರನೆಯ ಸಾಲಿನಲ್ಲಿ ಹೆಟ್ಟಿ,
ಟೋಪಿಯ ತುಂಬ ಬಟ್ಟೆಯ ಚೆರಿಹಣ್ಣು.
ಕ್ಯಾಮೆರಾದತ್ತ ನೋಡಬಾರದು; ನೋಡಿದಳು.
‘ಆಡಾ, ನೀಲಿ ಟೀಪಾಟು ನಿನಗೆ. ನೆಲ್ಲಿಗೆ ಕೊಡಬೇಡ.
ಮತ್ತೆ, ಕೇಳು, ನಾನು ಯಾವತ್ತೂ...’
ಆಗ ನಾಯಕಿ ಹೂಗುಚ್ಛ ಎಸೆಯಲು ತಿರುಗಿದಳು.
ಬಿಳಿ ಸ್ಯಾಟಿನ್ನಿನ ಭುಜ, ಅರ್ಧ ಪರದೆ.
ಅದು ಸರಿಯುವಷ್ಟರಲ್ಲಿ ಹೆಟ್ಟಿ ಬಾಯಿ ಮುಚ್ಚಿ
ಎಲ್ಲರಂತೆ ಚಪ್ಪಾಳೆ ತಟ್ಟುತ್ತಿದ್ದಳು.

ಆ ವಾರ ಏಳು ಆಟ ನೋಡಿದೆ.
ಸ್ಯಾಟಿನ್ನು ನಮ್ಮ ಊರಿನದೇ ಇರಬಹುದು, ನೇಯ್ಗೆ ಬಿಗಿ,
ಎಲ್ಲೂ ಒಂದು ಎಳೆ ಬಿಡಲಿಲ್ಲ.

ಈಗ ಅದು ಯಾವಾಗಲೋ ಒಮ್ಮೆ ಟೀವಿಯಲ್ಲಿ ಬರುತ್ತದೆ,
ಭಾನುವಾರ ಮಧ್ಯಾಹ್ನ, ಯಾರೂ ನೋಡದ ಹೊತ್ತಿಗೆ.
ನೀಲಿ ಟೀಪಾಟು ಮಗ್ಗುಲಲ್ಲಿಟ್ಟುಕೊಂಡು ಕೂರುತ್ತೇನೆ.
ಸದ್ದು ಜಾಸ್ತಿ ಮಾಡಲೇ ಎನ್ನುತ್ತಾನೆ ಪಕ್ಕದ ಮನೆ ಹುಡುಗ;
ಬೇಡಪ್ಪ ಎನ್ನುತ್ತೇನೆ.
ಆ ಭುಜ ಬರುವ ಹೊತ್ತಿಗೆ ಮಾತ್ರ
ಕುರ್ಚಿಯಲ್ಲೇ ಎಡಕ್ಕೆ ವಾಲುತ್ತೇನೆ,
ಸ್ವಲ್ಪ, ಇನ್ನೂ ಸ್ವಲ್ಪ.